ತುತ್ತೂರಿ ಯೋಗಾನಂದನ ಹಲ್ಲು

ಮುದ್ದೆ ಉಣ್ಣುವ ಮನೆಯಲ್ಲಿ ಗಂಡಸೊಬ್ಬನ ಹಲ್ಲು ಕೆಟ್ಟರೆ ಬೇಗ ಗೊತ್ತಾಗುವುದಿಲ್ಲ. ಮುರಿದು, ಸಾರಿನಲ್ಲಿ ಅದ್ದಿ, ಗುಳುಕ್ಕನೆ ನುಂಗಿದರೆ ಮುಗಿಯಿತು. ಮುದ್ದೆ ಅಗಿದರೆ ತಾನೇ ಜನ ನಗುವುದು! ಬೈರಾಪಟ್ಟಣದ ಯೋಗಾನಂದ ಇದನ್ನೇ ನಂಬಿಕೊಂಡು ವಾರಗಟ್ಟಲೆ ಮನೆಮಂದಿಯ ಕಣ್ಣಿಗೆ ಮಣ್ಣೆರಚಿದ. ಹೆಂಡತಿ ಮಮತಾಳ ಕೈಗೆ ಅವನು ಸಿಕ್ಕಿಬಿದ್ದದ್ದು ಒಂದು ಭಾನುವಾರ, ನಾಟಿ ಕೋಳಿ ಸಾರು ಮಾಡಿದ ದಿನ.

ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಮಮತಾ ಬಡಿಸುತ್ತಿದ್ದಳು. ತನ್ನ ತಟ್ಟೆಗೆ ಬಿದ್ದ ಕೋಳಿ ಕಾಲನ್ನು ಯೋಗಾನಂದ ಎತ್ತಿ ಮಗಳು ರಮ್ಯಾಳ ತಟ್ಟೆಗೆ ಹಾಕಿದ.

"ತಿನ್ನವ್ವ, ಓದೋ ಮಗ ನೀನು."

ರಮ್ಯಾ ರಾಮನಗರಕ್ಕೆ ಹೋಗಿ ಬಂದು ಬಿ.ಎಡ್. ಓದುತ್ತಿದ್ದ ಹುಡುಗಿ. ಅವಳು ಅಪ್ಪನ ಮುಖ ನೋಡಿದಳು, ಆಮೇಲೆ ಅಮ್ಮನ ಮುಖ ನೋಡಿದಳು. ಕೋಳಿ ಕಾಲನ್ನು ಇನ್ನೊಬ್ಬರಿಗೆ ಬಿಟ್ಟುಕೊಡುವ ಆಸಾಮಿಯೇ ಅಲ್ಲ ಯೋಗಾನಂದ. ಗಂಡ ಕೈ ತೊಳೆಯಲು ಹಿತ್ತಿಲಿಗೆ ಹೋದಾಗ ಮಮತಾ ಹಿಂದೆಯೇ ಹೋಗಿ ಅಡ್ಡ ನಿಂತಳು.

"ಬಾಯಿ ತೆಗೀರಿ."

"ಯಾಕೆ?"

"ತೆಗೀರಿ ಅಂದ್ರೆ ತೆಗೀರಿ. ಬಾಯೊಳಗೆ ಚಿನ್ನ ಮಡಿಕಂಡಿದ್ದೀರಾ?"

ಮೇಲಿನ ಎರಡು ಮುಂಬಲ್ಲು ಬೆರಳು ಸೋಕಿದರೆ ಸಾಕು ಅಲ್ಲಾಡುತ್ತಿದ್ದವು. ವಸಡು ಕೆಂಪಗೆ ಊದಿಕೊಂಡಿತ್ತು. ಬೇರೆ ಯಾರದ್ದೋ ಆಗಿದ್ದರೆ ಹಲ್ಲು ತಾನೇ, ಕೀಳಿಸಿದರಾಯಿತು ಅನ್ನಬಹುದಿತ್ತು. ಆದರೆ ಇವನು ಬ್ಯಾಂಡಿನಲ್ಲಿ ಎಲ್ಲರ ಮುಂದೆ ನಿಂತು ಟ್ರಂಪೆಟ್ ಊದುವವನು. ಹಿತ್ತಾಳೆಯನ್ನು ತುಟಿಗೆ ಒತ್ತಿಟ್ಟು ಊದಬೇಕಾದರೆ ತುಟಿಯ ಹಿಂದೆ ಹಲ್ಲು ಗೋಡೆಯ ಹಾಗೆ ನಿಂತಿರಬೇಕು.

"ಡಾಕ್ಟ್ರಿಗೆ ತೋರ್ಸಿದ್ರಾ?"

"ಚನ್ನಪಟ್ಣದಲ್ಲಿ ತೋರಿಸ್ದೆ. ಎರಡೂ ಕೀಳಬೇಕು ಅಂದ್ರು. ವಸಡು ವಾಸಿಯಾಗಿ ಹೊಸ ಹಲ್ಲು ಕಟ್ಟೋ ಹೊತ್ಗೆ ತಿಂಗಳುಗಟ್ಲೆ ಆಯ್ತದಂತೆ. ಆಮೇಲೆ ಊದಕ್ಕಾಯ್ತದಾ ಅಂದ್ರೆ, ಆಗ ನೋಡವ ಅಂದ್ರು."

"ಮತ್ತೆ ಕೀಳ್ಸೋದು ಬುಟ್ಟು, ಕೋಳಿ ಕಾಲು ದಾನ ಮಾಡ್ಕಂಡು ಕುಂತಿದ್ದೀರಲ್ಲ!"

"ಮೆತ್ತಗೆ ಮಾತಾಡೇ. ತಮ್ಮ ನರೇಂದ್ರನ ಕಿವಿಗೆ ಬಿದ್ರೆ ಬ್ಯಾಂಡು ಮುಗ್ದೋಯ್ತದೆ. ಯುಗಾದಿ ದಿನ ಮಾತು ಕೊಟ್ಟಿಲ್ವಾ ನಾನು?"

ಆ ಮಾತು ಏನೆಂದು ತಿಳಿಯಬೇಕಾದರೆ ಬ್ಯಾಂಡಿನ ಕಥೆ ಒಸಿ ಕೇಳಬೇಕು. ಬ್ಯಾಂಡಿನ ಕಥೆ ಎಂದರೆ ಯೋಗಾನಂದನ ಅಪ್ಪ ಬಸವಯ್ಯನ ಕಥೆ.

ಬಸವಯ್ಯ ಹುಡುಗನಾಗಿದ್ದಾಗ ಮಿಲಿಟರಿ ಬ್ಯಾಂಡಿನಿಂದ ರಿಟೈರಾಗಿ ಬಂದ ಒಬ್ಬರ ಹತ್ತಿರ ಕ್ಲಾರಿನೆಟ್ ಕಲಿತ. ಕಲಿತವನು ಸುಮ್ಮನಿರಲಿಲ್ಲ. ನಾಲ್ಕು ಜನರನ್ನು ಕಟ್ಟಿಕೊಂಡು, ಕೆಂಪು ಕೋಟು ಹೊಲಿಸಿಕೊಂಡು ಮದುವೆ ಮೆರವಣಿಗೆಗೆ ಹೊರಟ. ಮದುವೆ ಮನೆಯವರಿಗೆ ಬ್ಯಾಂಡು ಬೇಕು, ಆದರೆ ಬ್ಯಾಂಡಿನವರು ಊಟಕ್ಕೆ ಕುಳಿತರೆ ಮುಖ ಸಿಂಡರಿಸುತ್ತಿದ್ದರು. ಎಲ್ಲರ ಪಂಕ್ತಿ ಮುಗಿದು, ಎಲೆ ಎತ್ತಿ, ಪಾತ್ರೆ ತಳ ಕೆರೆಯುವಾಗ ಇವರಿಗೆ ಕರೆ. ಒಮ್ಮೆ ಕನಕಪುರದ ಕಡೆಯ ಒಂದು ಮದುವೆಯಲ್ಲಿ ಕೊಟ್ಟಿಗೆ ಪಕ್ಕ ಕೂರಿಸಿ, ಅನ್ನ ಬಡಿಸಿ, ಸಾರು ಮುಗಿಯಿತು ಅಂದರಂತೆ. ಬಸವಯ್ಯ ಮನೆಗೆ ಬಂದು ಇದನ್ನು ಹೇಳಿದಾಗ, ಆಗಿನ್ನೂ ಹೊಸ ಮದುಮಗಳಾಗಿದ್ದ ಹೆಂಡತಿ ದೊಡ್ಡಲಕ್ಷ್ಮಮ್ಮ ಒಲೆ ಮುಂದಿನಿಂದ ಎದ್ದು ಬಂದಳು.

"ಇನ್ಮೇಲೆ ಎಲ್ರೂ ನಮ್ಮನೇಲೇ ಉಂಡ್ಕಂಡು ಹೋಗಿ. ಹೊಟ್ಟೆ ತುಂಬಿದೋರು ಯಾರ್ ಮನೆ ಎಲೆಗೂ ಕಾಯಬೇಕಾಗಿಲ್ಲ," ಎಂದಳು.

ಅಂದಿನಿಂದ ಅದೇ ಆ ಮನೆಯ ಕಟ್ಟಳೆ. ಬ್ಯಾಂಡು ಹೊರಡುವ ದಿನ ಎಲ್ಲ ವಾದ್ಯದವರೂ ಬಂದು ಪಡಸಾಲೆಯಲ್ಲಿ ಸಾಲಾಗಿ ಕುಳಿತು ಮುದ್ದೆ ಉಂಡೇ ಟೆಂಪೋ ಹತ್ತಬೇಕು. ಐದು ಜನ ಹತ್ತಾದರು, ಹತ್ತು ಇಪ್ಪತ್ತಾಯಿತು. ಜನಕ್ಕೆ ಮೆರವಣಿಗೆಯಲ್ಲಿ ನಡೆಯುವುದಕ್ಕಿಂತ ಕುಣಿಯುವುದೇ ಹೆಚ್ಚು ಬೇಕು ಎಂದು ಬಸವಯ್ಯನಿಗೆ ಎಲ್ಲರಿಗಿಂತ ಮೊದಲೇ ಹೊಳೆದಿತ್ತು. ನಾಲ್ಕು ಚಕ್ರದ ಗಾಡಿಯ ಮೇಲೆ ಡ್ರಮ್ಸು ಕಟ್ಟಿದ, ಬೇಸ್ ಗಿಟಾರ್ ತರಿಸಿದ, ಸ್ಯಾಕ್ಸೊಫೋನು, ಟ್ರಾಂಬೋನು, ಕೀಬೋರ್ಡು ಎಲ್ಲ ಬಂದವು. ಊದುವವರು ಊದುತ್ತಲೇ ಎಡಕ್ಕೊಮ್ಮೆ ಬಲಕ್ಕೊಮ್ಮೆ ಹೆಜ್ಜೆ ಹಾಕಬೇಕು, ನಿಂತಲ್ಲೇ ಸೊಂಟ ತಿರುಗಿಸಬೇಕು. ಸುಮ್ಮನೆ ಕಂಬದ ಹಾಗೆ ನಿಂತವನಿಗೆ ಬಸವಯ್ಯನಿಂದ ಬೈಗುಳ. ನವಜ್ಯೋತಿ ಡ್ಯಾನ್ಸ್ ಬ್ಯಾಂಡ್ ಎಂದು ಬೋರ್ಡು ಬರೆಸಿದರೂ ಜನ ಕರೆದದ್ದು ಬಸವಯ್ಯನ ಕುಣಿಯೋ ಬ್ಯಾಂಡು ಎಂದೇ. ಮಾಗಡಿಯಿಂದ ಕನಕಪುರದವರೆಗೆ ಬ್ಯಾಂಡು ಬಿಡುವಾಗಿದೆಯಾ ಎಂದು ಕೇಳಿ ಆಮೇಲೆ ಲಗ್ನ ಇಡಿಸುತ್ತಿದ್ದರು ಎನ್ನುತ್ತಿದ್ದ ಬಸವಯ್ಯ. ಅವನ ಮಾತಿನಲ್ಲಿ ಅರ್ಧ ಕಳೆದರೂ ಉಳಿದದ್ದು ಕಡಿಮೆಯಲ್ಲ.

ವಯಸ್ಸಾಗಿ ಅವನು ಕ್ಲಾರಿನೆಟ್ಟನ್ನು ಮೂಲೆಗಿಟ್ಟ ಮೇಲೆ ಹಿರಿಮಗ ಯೋಗಾನಂದ ಟ್ರಂಪೆಟ್ ಹಿಡಿದು ಮುಂದೆ ನಿಂತ. ಕಿರಿಮಗ ನರೇಂದ್ರ ಡ್ರಮ್ಸಿನ ಹಿಂದೆ ಕುಳಿತ. ಎಲ್ಲ ಸರಿಯಾಗಿಯೇ ನಡೆಯುತ್ತಿತ್ತು. ಆಮೇಲೆ ಡಿಜೆ ಬಂತು.

ಯುಗಾದಿಯ ದಿನ ಹೋಳಿಗೆ ಇನ್ನೂ ಎಲೆಯ ಮೇಲಿರುವಾಗಲೇ ನರೇಂದ್ರ ಬಾಯಿ ತೆಗೆದಿದ್ದ.

"ಅಪ್ಪ, ಕಾಲ ನೋಡು ಒಸಿ. ಇಪ್ಪತ್ ಜನ ಹೊತ್ಕಂಡು ತಿರುಗೋ ಬದ್ಲು ಒಂದು ಡಿಜೆ ಸೆಟ್ ಹಾಕಿದ್ರೆ ಇಬ್ರು ಸಾಕು. ಒಂದ್ ಗಾಡಿ, ಎರಡ್ ಬಾಕ್ಸು."

"ಆ ಡಬ್ಬಾನಾ? ಅದು ಬಾಜಾ ಏನ್ಲಾ? ಗುಂಡಿ ಒತ್ತೋನು ಕಲಾವಿದ, ಊದೋನು ಕತ್ತೆ! ಚೆನ್ನಾಗೈತೆ ಕಣ್ಲಾ ನಿನ್ ನ್ಯಾಯ," ಎಂದು ಬಸವಯ್ಯ ಎಲೆ ಮುಂದಿನಿಂದ ಎದ್ದೇಬಿಟ್ಟಿದ್ದ.

ನರೇಂದ್ರನ ಹೆಂಡತಿ ಸೌಮ್ಯ ಒಳಗಿನಿಂದಲೇ ಹೇಳಿದಳು, "ಮಾವ, ಕೋಪ ಮಾಡ್ಕೋಬೇಡಿ. ಇಪ್ಪತ್ ಜನಕ್ಕೆ ಕೋಲ್ ಹಿಡ್ದು ಮುದ್ದೆ ತೊಳಸಿ ತೊಳಸಿ ನನ್ ರೆಟ್ಟೆ ಬಿದ್ದೋಗೈತೆ. ಅದನ್ನೂ ಯಾರಾದ್ರೂ ಕೇಳಿ."

ಅದು ಸುಳ್ಳೇನಲ್ಲ. ಮಮತಾಳ ರೆಟ್ಟೆಯೂ ನೋಯುತ್ತಿತ್ತು. ಅವಳು ಬಾಯಿಬಿಟ್ಟು ಹೇಳಿರಲಿಲ್ಲ ಅಷ್ಟೆ. ಕೂಗಾಟ ಹೆಚ್ಚಾದಾಗ ಯೋಗಾನಂದನೇ ನಡುವೆ ಬಂದು, "ಜಗಳ ಬ್ಯಾಡ. ನಾನು ಊದೋಗಂಟ ಬ್ಯಾಂಡು ಇರ್ಲಿ. ನಾನು ಪಿಪಿ ಕೆಳಗಿಟ್ಟ ದಿನ ನರೇಂದ್ರ ಹೇಳ್ದಂಗೆ ಮಾಡಿ. ಮಾತಂದ್ರೆ ಮಾತು," ಎಂದು ಅಪ್ಪನ ಮುಂದೆ ನೆಲ ಮುಟ್ಟಿ ಹೇಳಿದ್ದ. ಇನ್ನೂ ಎಷ್ಟೋ ವರ್ಷ ಊದುತ್ತೇನೆ ಎಂಬ ಧೈರ್ಯ ಅವನಿಗೆ. ಆ ಮಾತು ಆಡಿ ತಿಂಗಳು ತುಂಬುವುದರೊಳಗೆ ಹಲ್ಲು ಅಲ್ಲಾಡತೊಡಗಿತು. ಗ್ರಹಚಾರ ಎನ್ನುವುದು ಇದಕ್ಕೇ ಇರಬೇಕು.

"ಈ ಲಗ್ನಸರಿ ಒಂದು ಕಳ್ದೋಗ್ಲಿ ಮಮತಾ," ಎಂದು ಯೋಗಾನಂದ ಹೆಂಡತಿಯ ಕೈ ಹಿಡಿದುಕೊಂಡ. "ಆಸಾಢಕ್ಕೆ ಕೀಳಿಸ್ತೀನಿ. ಯಾರ್ಗೂ ಹೇಳ್ಬೇಡ. ಆ ಇಪ್ಪತ್ ಜನ ಎಲ್ಲೋಯ್ತಾರೆ ಹೇಳು? ನಾನಾದ್ರೂ ಏನ್ ಮಾಡ್ಲಿ? ಊದೋದು ಬುಟ್ರೆ ನಂಗೇನ್ ಬತ್ತದೆ?"

ಗಂಡನ ಕಣ್ಣಲ್ಲಿ ನೀರಿತ್ತು. ಮಮತಾ ಹೂಂ ಎಂದಳು.

ಅವತ್ತಿನಿಂದ ಅಡುಗೆಮನೆಯಲ್ಲಿ ಗಟ್ಟಿ ಪದಾರ್ಥ ಕಾಣದಾಯಿತು. ಹುರುಳಿಕಾಳನ್ನು ನುಣ್ಣಗೆ ಬೇಯಿಸಿದಳು, ಕಡ್ಲೆಬೀಜ ಹುರಿಯುವುದನ್ನು ನಿಲ್ಲಿಸಿದಳು, ಚಪಾತಿ ಸುದ್ದಿಗೇ ಹೋಗಲಿಲ್ಲ. ಸೌಮ್ಯ ಒಂದು ದಿನ ಕೇಳಿಯೇಬಿಟ್ಟಳು.

"ಏನಕ್ಕಾ, ಬಾಣಂತಿ ಮನೆ ಮಾಡ್ಬುಟ್ಯಲ್ಲ? ಎಲ್ಲ ಕಿವುಚಿದಂಗೇ ಇರ್ತದೆ."

"ಮಾವನಿಗೆ ವಯಸ್ಸಾಗಿಲ್ವಾ ಕಣೇ," ಎಂದಳು ಮಮತಾ.

ಬಸವಯ್ಯ ಆಗ ಪಡಸಾಲೆಯಲ್ಲಿ ಕೊಬ್ಬರಿ ಚೂರು ಕಟಕಟ ಕಡಿಯುತ್ತಾ ಕುಳಿತಿದ್ದ. ಸೌಮ್ಯ ಅವನನ್ನೂ ಮಮತಾಳನ್ನೂ ನೋಡಿ ಹುಬ್ಬೇರಿಸಿದಳು.

ಇನ್ನೊಂದು ವಿಷಯ ಮಮತಾಳ ನೆಮ್ಮದಿ ಕೆಡಿಸಿತು. ನರೇಂದ್ರ ಮಧ್ಯಾಹ್ನ ಉಂಡವನೇ ಬೈಕು ಹತ್ತಿ ಪಕ್ಕದ ಅಕ್ಕೂರಿಗೆ ಹೋಗುತ್ತಿದ್ದ, ಸಂಜೆಗೆ ಬರುತ್ತಿದ್ದ. ಯಾಕೆ ಎಂದರೆ "ಏನೋ ಕೆಲ್ಸ" ಎನ್ನುತ್ತಿದ್ದ. ಫೋನು ಬಂದರೆ ಹಿತ್ತಿಲಿಗೆ ಹೋಗಿ ಮಾತಾಡುತ್ತಿದ್ದ. ಒಂದು ಸಲ ಅವನು "ಅಣ್ಣಂಗೆ ಗೊತ್ತಾಗಬಾರದು, ಸುಮ್ಕಿರು" ಎಂದದ್ದು ಬಟ್ಟೆ ಒಣಹಾಕುತ್ತಿದ್ದ ಮಮತಾಳ ಕಿವಿಗೆ ಬಿತ್ತು.

"ನಿನ್ ಗಂಡ ಅಕ್ಕೂರಲ್ಲಿ ಏನ್ ಮಾಡ್ತವ್ನೆ ಸೌಮ್ಯ?"

"ನಂಗೇನ್ ಹೇಳ್ತಾರಕ್ಕ? ಯಾರೋ ಡಿಜೆ ಸೆಟ್ ಕೊಡ್ತಾರಂತೆ, ನೋಡ್ತಿರ್ಬೇಕು. ನೋಡ್ಲಿ ಬುಡು."

ಮಮತಾಳ ಮೈಯೆಲ್ಲ ಉರಿದುಹೋಯಿತು. ಅಣ್ಣ ನೋವು ನುಂಗಿಕೊಂಡು ಊದುತ್ತಿದ್ದಾನೆ, ತಮ್ಮ ಕಳ್ಳನ ಹಾಗೆ ಡಬ್ಬ ಹುಡುಕುತ್ತಿದ್ದಾನೆ! ಅಂದಿನಿಂದ ಮೈದುನನಿಗೆ ಸಾರು ಬಡಿಸುವಾಗ ಸೌಟು ತಟ್ಟೆಗೆ ಕುಕ್ಕುತ್ತಿದ್ದಳು.

"ಅತ್ಗೆ, ನನ್ ಮೇಲೇನಾದ್ರೂ ಕೋಪವಾ?" ಎಂದು ನರೇಂದ್ರ ಕೇಳಿದ.

"ನನ್ ಕೋಪ ಕಟ್ಕಂಡು ನಿನಗೇನಪ್ಪ? ನೀನು ದೊಡ್ಡ ಯಾಪಾರದೋನು," ಎಂದು ಅವಳು ಒಳಗೆ ಹೋದಳು.

ಕೋಳಿ ಸಾರಿನ ದಿನವೇ ಹಿತ್ತಿಲ ಮಾತು ಕೇಳಿಸಿಕೊಂಡಿದ್ದ ರಮ್ಯಾ ಮಾತ್ರ ಅಮ್ಮನನ್ನು ಬಿಡಲಿಲ್ಲ. "ಅಮ್ಮ, ಅಪ್ಪನ ಬಾಯಲ್ಲಿ ಕೀವಾಗಿದೆ. ವಾಸನೆ ಬರ್ತಿದೆ. ಆಷಾಢದವರೆಗೂ ಕಾಯ್ತಾ ಕೂತ್ರೆ ಎರಡಲ್ಲ, ಎಲ್ಲಾ ಹೋಗುತ್ತೆ," ಎಂದಳು.

"ತಿಪ್ಪಸಂದ್ರದ ಮದ್ವೆ ಒಂದು ಆಗ್ಲಿ ಕಣೇ," ಎಂದಳು ಮಮತಾ.

ತಿಪ್ಪಸಂದ್ರ ಅವಳ ತವರಿನ ಕಡೆ. ಸೋದರಮಾವ ಮುನಿಶಾಮಯ್ಯನ ಮಗಳ ಮದುವೆ. ಊರಲ್ಲೆಲ್ಲ ಡಿಜೆ ಇಡುತ್ತಿರುವಾಗ ಅವನು ಮಾತ್ರ, "ನಮ್ ಮಮತಾಳ ಗಂಡನ ಬ್ಯಾಂಡೇ ಬರಬೇಕು" ಎಂದು ಹಟ ಹಿಡಿದಿದ್ದ. ಅಲ್ಲಿ ಏನಾದರೂ ಹೆಚ್ಚುಕಡಿಮೆಯಾದರೆ ತವರಿನಲ್ಲಿ ತಲೆ ಎತ್ತುವುದು ಹೇಗೆ?

ಮದುವೆಯ ದಿನ ಬೆಳಗ್ಗೆ ಬ್ಯಾಂಡಿನವರೆಲ್ಲ ಬಂದು ಉಂಡರು. ಅತ್ತೆ ದೊಡ್ಡಲಕ್ಷ್ಮಮ್ಮ ಅಂದೂ ತಾನೇ ಮುದ್ದೆ ಕಟ್ಟಲು ಕುಳಿತಳು. ಸ್ಯಾಕ್ಸೊಫೋನಿನ ಅದ್ನಾನ್ ಚನ್ನಪಟ್ಟಣದಿಂದ ಎಲ್ಲರಿಗಿಂತ ಮೊದಲು ಬಂದಿದ್ದ. ದೊಡ್ಡಲಕ್ಷ್ಮಮ್ಮನನ್ನು ಅವ್ವ ಎಂದೇ ಕರೆಯುವವನು. ಎಲ್ಲರ ಜೊತೆ ಮಮತಾಳೂ ಟೆಂಪೋ ಹತ್ತಿದಳು, ನೆಂಟರವಳಾಗಿ.

ತಿಪ್ಪಸಂದ್ರದಲ್ಲಿ ಗಂಡಿನ ಕಡೆಯವರನ್ನು ಗುಡಿಯಿಂದ ಛತ್ರಕ್ಕೆ ಕರೆತರುವ ಮೆರವಣಿಗೆ. ಬಿಸಿಲು ಆಗಲೇ ಏರಿತ್ತು. ಕೆಂಪು ಕೋಟಿನಲ್ಲಿ ಯೋಗಾನಂದ ಮುಂದೆ ನಿಂತು ಟ್ರಂಪೆಟ್ ಎತ್ತಿದ. ಮೊದಲ ಹಾಡು ನೆಟ್ಟಗೆ ಹೋಯಿತು. ಹೆಣ್ಣುಮಕ್ಕಳ ನಡುವೆ ಕಳಸ ಹಿಡಿದು ನಿಂತಿದ್ದ ಮಮತಾ ಉಸಿರು ಬಿಟ್ಟಳು. ಎರಡನೇ ಹಾಡಿಗೆ ಹುಡುಗರು ಕುಣಿಯಲು ಇಳಿದರು, ವರನ ಸ್ನೇಹಿತರು ಟವೆಲು ಬೀಸಿದರು. ಹಾಡು ಮೇಲಕ್ಕೆ ಏರುವ ಜಾಗದಲ್ಲಿ ಯೋಗಾನಂದ ಕತ್ತೆತ್ತಿ ಊದಿದ. ದನಿ ಅರ್ಧಕ್ಕೇ ಕತ್ತರಿಸಿಹೋಯಿತು. ಅವನು ಬಗ್ಗಿ ಕರ್ಚೀಫನ್ನು ಬಾಯಿಗೆ ಒತ್ತಿಕೊಂಡ. ಬಿಳೀ ಕರ್ಚೀಫು ಕೆಂಪಾದದ್ದು ಮಮತಾಳಿಗೆ ಕಂಡಿತು. ಮುಗೀತು, ಎಲ್ಲ ಮುಗೀತು ಎಂದುಕೊಂಡಳು.

ಮುಗಿಯಲಿಲ್ಲ. ಅಣ್ಣ ಬಗ್ಗಿದ್ದೇ ತಡ, ನರೇಂದ್ರ ಡ್ರಮ್ಸಿನ ಮೇಲೆ ಮುಗಿಬಿದ್ದ. ತಮಟೆಯ ಗತ್ತು ಹಿಡಿದು, ಊದುವವರನ್ನೆಲ್ಲ ನಿಲ್ಲಿಸಿ, ಒಬ್ಬನೇ ಬಾರಿಸಿದ. ಕುಣಿಯುವವರು ಇದೂ ಹಾಡಿನಲ್ಲೇ ಇದೆ ಎಂದುಕೊಂಡು ಧೂಳೆಬ್ಬಿಸಿದರು. ಬೇಸ್ ಗಿಟಾರಿನವನು ಅವನ ಜೊತೆ ಸೇರಿದ. ಆಮೇಲೆ ನರೇಂದ್ರ ಗದ್ದ ಎತ್ತಿ ಸನ್ನೆ ಮಾಡಿದ. ಅದ್ನಾನ್ ಸಾಲು ಬಿಟ್ಟು ಮುಂದೆ ಬಂದು, ಯೋಗಾನಂದ ಬಿಟ್ಟ ಜಾಗದಿಂದಲೇ ಸ್ಯಾಕ್ಸೊಫೋನಿನಲ್ಲಿ ಹಾಡು ಎತ್ತಿಕೊಂಡ. ಹಿಂದಿನ ಸಾಲಿನವರು ಎಡಕ್ಕೆ ಬಲಕ್ಕೆ ಹೆಜ್ಜೆ ಹಾಕುತ್ತಾ ಕೂಡಿಕೊಂಡರು. ಗೊತ್ತಿಲ್ಲದೆ ಆದದ್ದಲ್ಲ ಅದು, ಮೊದಲೇ ಕೂಡಿ ಕಲಿತದ್ದು ಎಂದು ಬ್ಯಾಂಡಿನ ಮನೆಯ ಸೊಸೆಗೆ ಗೊತ್ತಾಗದೇ ಇರುತ್ತದೆಯೇ? ಅವಳು ಬೆರಗಾಗಿ ಮೈದುನನ ಕಡೆ ನೋಡಿದಳು. ಅವನು ಬೆವರು ಸುರಿಸುತ್ತಾ ಬಾರಿಸುತ್ತಿದ್ದ, ಇತ್ತ ತಿರುಗಲೂ ಇಲ್ಲ.

ಮುನಿಶಾಮಯ್ಯ ಹತ್ತಿರ ಬಂದು, "ಏನವ್ವ ಮಮತಾ, ಬ್ಯಾಂಡು ಅಂದ್ರೆ ಇದು! ಎಲ್ರೂ ಕೇಳ್ತಾವ್ರೆ," ಎಂದು ಹಿಗ್ಗಿಹೋದ. ಮಮತಾಳಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ.

ಮದುವೆ ಮುಗಿಸಿ ಮಧ್ಯಾಹ್ನಕ್ಕೆ ಬೈರಾಪಟ್ಟಣಕ್ಕೆ ಬಂದು ಇಳಿದರು. ಯೋಗಾನಂದ ಟ್ರಂಪೆಟ್ಟನ್ನು ತಂದು ಅಪ್ಪನ ಮುಂದೆ ಜಗುಲಿಯ ಮೇಲಿಟ್ಟ. ಒಂದು ಹಲ್ಲು ಆಗಲೇ ಬಿದ್ದಿತ್ತು, ಮಾತು ಸುಯ್ ಸುಯ್ ಎನ್ನುತ್ತಿತ್ತು.

"ಅಪ್ಪ, ನನ್ ಹಲ್ಲು ಹೋಯ್ತು. ಇನ್ ಊದಕ್ಕಾಗಕಿಲ್ಲ. ಮಾತಂದ್ರೆ ಮಾತು, ಬ್ಯಾಂಡ್ ಸೆಟ್ಟೆಲ್ಲ ಮಾರಿ ನರೇಂದ್ರ ಡಿಜೆ ತರ್ಲಿ," ಎಂದ.

ಬಸವಯ್ಯ ಮಗನನ್ನು ಮೇಲಿಂದ ಕೆಳಕ್ಕೆ ನೋಡಿದ. "ಬಾ ಇಲ್ಲಿ. ಬಿಸ್ಲಿಗೆ ತಿರುಗು. ಬಾಯಿ ಬುಡು," ಎಂದು ಗದ್ದ ಹಿಡಿದ. ದನದ ಜಾತ್ರೆಯಲ್ಲಿ ಎತ್ತಿನ ಹಲ್ಲು ನೋಡುವವರ ಹಾಗೆ ಐವತ್ತರ ಮಗನ ಬಾಯನ್ನು ಆ ಕಡೆ ಈ ಕಡೆ ತಿರುಗಿಸಿ ನೋಡಿದ. "ಇಷ್ಟ್ ನೋವು ಮಡಿಕಂಡು ಊದ್ತಿದ್ಯೇನ್ಲಾ? ನಾನೇನು ಸತ್ತೋಗಿದ್ನಾ ಹೇಳಕ್ಕೆ?"

"ಹೇಳಿದ್ರೆ ಬ್ಯಾಂಡು ನಿಂತೋಯ್ತಿತ್ತಲ್ಲಪ್ಪ."

ಅಷ್ಟು ಹೊತ್ತೂ ಟೆಂಪೋದಿಂದ ಡ್ರಮ್ಸು ಇಳಿಸುತ್ತಿದ್ದ ನರೇಂದ್ರ ಎಲ್ಲ ಬಿಟ್ಟು ಬಂದ. ಅವನ ಮುಖ ಕಪ್ಪಿಟ್ಟಿತ್ತು.

"ಅಣ್ಣ, ನಿನ್ ಹಲ್ಲು ಯಾವಾಗ ಉದುರ್ತದೋ ಅಂತ ನಾನು ಕಾಯ್ತಾ ಕುಂತಿದ್ದೆ ಅನ್ಕಂಡ್ಯಾ?"

ಯೋಗಾನಂದ ತಲೆ ತಗ್ಗಿಸಿದ.

"ಹೇಳು, ಅಂಗೇ ಅನ್ಕಂಡಿದ್ಯಾ? ನಿನ್ ಬೆನ್ ಹಿಂದೆ ಕುಂತ್ಕಂಡು ಇಷ್ಟ್ ವರ್ಸ ಬಾರಿಸಿದ್ದೀನಿ. ನಿನ್ ಉಸ್ರು ಎಲ್ಲಿ ನಿಲ್ತದೆ, ಎಲ್ಲಿ ಓಡ್ತದೆ ನಂಗೊತ್ತಿಲ್ವಾ? ತಿಂಗಳಿಂದ ಗೊತ್ತು ನಂಗೆ. ನೀನಾಗೇ ಹೇಳ್ತೀಯ ಅಂತ ಕಾದೆ. ಹೇಳ್ಲಿಲ್ಲ. ಅದಕ್ಕೇ ಅಕ್ಕೂರಲ್ಲಿ ರೇಷ್ಮೆ ಹುಳದ ಮನೆ ಖಾಲಿ ಇತ್ತಲ್ಲ, ಟ್ರಾಂಬೋನ್‌ನವಂದು, ಅಲ್ಲಿ ದಿನಾ ಅದ್ನಾನ್‌ನ ಕೂರಿಸ್ಕಂಡು ನಿನ್ ಹಾಡೆಲ್ಲ ಸ್ಯಾಕ್ಸಿಗೆ ಕೂಡಿಸ್ದೆ. ಡಿಜೆ ಬೇಕು ಅಂದಿದ್ದು ನಿಜ. ಈಗ್ಲೂ ಕೇಳ್ತೀನಿ, ಜಗಳಾನೂ ಆಡ್ತೀನಿ. ಆದ್ರೆ ನಿನ್ ಬಾಯಿ ಕೆಡಿಸ್ಕಂಡು ನಂಗ್ಯಾತಕ್ಕಣ್ಣ ಡಿಜೆ?"

ಮಮತಾಳಿಗೆ ಸೌಟು ಕುಕ್ಕಿದ್ದೆಲ್ಲ ನೆನಪಾಗಿ ನಾಚಿಕೆಯಿಂದ ಮೈ ಹಿಡಿಯಾಯಿತು.

"ನಾನ್ ನಿನ್ನ ಏನೇನೋ ಅನ್ಕಂಬುಟ್ಟೆ ಕಣಪ್ಪ," ಎಂದಳು.

"ಸೌಟಿನ ಸದ್ದಲ್ಲೇ ಗೊತ್ತಾಯ್ತಿತ್ತು ಬುಡಿ ಅತ್ಗೆ," ಎಂದ ನರೇಂದ್ರ. ಅಂಗಳದಲ್ಲಿ ನಾಲ್ಕು ಜನ ನಕ್ಕರು.

ದೊಡ್ಡಲಕ್ಷ್ಮಮ್ಮ ಬಾಗಿಲಲ್ಲಿ ನಿಂತು, "ಇದನ್ನ ಗುಟ್ಟು ಅಂತ ಮಡಿಕಂಡಿದ್ರಾ? ಪಂಕ್ತೀಲಿ ಕುಂತೋನು ಬಲಗಡೆ ನುಂಗ್ತವ್ನೋ ಎಡಗಡೆ ನುಂಗ್ತವ್ನೋ ಬಡಿಸೋಳಿಗೆ ಕಾಣಕಿಲ್ವಾ? ಅವನ್ ಮುದ್ದೆ ಒಂದ್ನ ನಾನೇ ಒಸಿ ಮೆತ್ತಗೆ ಕಟ್ತಿದ್ದೆ," ಎಂದಳು.

"ನಂಗೂ ಗೊತ್ತಿತ್ತಣ್ಣ," ಎಂದ ಅದ್ನಾನ್ ಮೆಲ್ಲಗೆ. "ಎಲ್ರಿಗೂ ಗೊತ್ತಿತ್ತು."

"ಎಲ್ರಿಗೂ?" ಎಂದು ಬಸವಯ್ಯ ಸಿಡುಕಿದ. "ಮತ್ತೆ ನಂಗೊಬ್ಬಂಗೆ ಯಾಕ್ರಲಾ ಹೇಳ್ಲಿಲ್ಲ? ಬ್ಯಾಂಡು ಕಟ್ಟಿದೋನು ನಾನು!"

ಮಾತು ತೀರ್ಮಾನಕ್ಕೆ ಬಂದಾಗ ಬಸವಯ್ಯನೇ ಹೇಳಿದ. "ಮೊದ್ಲು ಹಲ್ಲು ಕೀಳಿಸ್ಕ. ಹೊಸ ಹಲ್ಲು ಕಟ್ಟೋಗಂಟ ಅದ್ನಾನ್ ಮುಂದೆ ನಿಲ್ಲಲಿ. ನಾನು ಕ್ಲಾರಿನೆಟ್ ಬುಟ್ಟಾಗ ಬ್ಯಾಂಡೇನು ಸತ್ತೋಯ್ತಾ? ಯುಗಾದಿ ದಿನ ಅಂತಾ ಮಾತು ಕೊಟ್ಟಿದ್ದೇ ತಪ್ಪು, ಇಸ್ಕಂಡ ನಾನೂ ತಪ್ಪು."

ಸೌಮ್ಯ ಆ ಹೊತ್ತನ್ನು ಬಿಡುವವಳಲ್ಲ. "ತೀರ್ಮಾನ ಆಗೋದಾದ್ರೆ ನಂದೂ ಆಗ್ಲಿ ಮಾವ. ಇನ್ಮೇಲೆ ಮುದ್ದೆ ತೊಳಸೋದು ಬ್ಯಾಂಡಿನೋರು. ಸಾರು ನಾವು ಮಾಡ್ತೀವಿ."

"ಗಂಡಸ್ರು ತೊಳಸಿದ್ರೆ ಗಂಟು ಗಂಟು ಆಯ್ತದೆ," ಎಂದ ಬಸವಯ್ಯ.

"ಆದ್ರೆ ಅದನ್ನೇ ಉಣ್ಲಿ," ಎಂದಳು ಸೌಮ್ಯ. ಮಮತಾ ಮೊದಲ ಸಲ ಬಾಯಿಬಿಟ್ಟು, "ನನ್ ರೆಟ್ಟೇನೂ ನೋಯ್ತದೆ ಮಾವ," ಎಂದಳು. ಅಲ್ಲಿಗೆ ಅದೂ ಇತ್ಯರ್ಥವಾಯಿತು.

ಮಾರನೆಯ ದಿನವೇ ರಮ್ಯಾ ಅಪ್ಪನನ್ನು ಚನ್ನಪಟ್ಟಣಕ್ಕೆ ಕರೆದುಕೊಂಡು ಹೋಗಿ ಅಲ್ಲಾಡುತ್ತಿದ್ದ ಇನ್ನೊಂದು ಹಲ್ಲನ್ನೂ ಕೀಳಿಸಿ, ಕೀವು ತೆಗೆಸಿಕೊಂಡು ಬಂದಳು. ಉಳಿದವು ಗಟ್ಟಿಯಾಗಿ ಉಳಿಯುತ್ತವೆ, ಇನ್ನೂ ತಡ ಮಾಡಿದ್ದರೆ ಕಷ್ಟವಾಗುತ್ತಿತ್ತು ಎಂದರಂತೆ ಡಾಕ್ಟರು. ಹೊಸ ಹಲ್ಲು ಕಟ್ಟಿದ ಮೇಲೆ ಊದಬಹುದೇ ಎಂದರೆ ಈ ಸಲವೂ ಖಾತ್ರಿ ಕೊಡಲಿಲ್ಲ. ಯೋಗಾನಂದ ಮೂರು ಹೊತ್ತು ಗಂಜಿ ಕುಡಿದುಕೊಂಡು, ಟ್ರಂಪೆಟ್ಟಿನ ಹಿತ್ತಾಳೆ ಉಜ್ಜಿಕೊಂಡು, ಮನೆಯವರ ಕೈಲಿ ಬೈಸಿಕೊಂಡು ದಿನ ತಳ್ಳಿದ.

ಮಾಗಡಿಯ ಲಗ್ನಕ್ಕೆ ಬ್ಯಾಂಡು ಅವನಿಲ್ಲದೆ ಹೊರಟಿತು. ಹಿಂದೆ ಎಂದೂ ಹಾಗಾಗಿರಲಿಲ್ಲ. ಬೆಳಗ್ಗೆ ಬ್ಯಾಂಡಿನವರು ತೊಳಸಿದ ಮುದ್ದೆ ನಿಜವಾಗಿಯೂ ಗಂಟು ಗಂಟಾಗಿತ್ತು. ಎಲ್ಲರೂ ಬಾಯಿಮುಚ್ಚಿಕೊಂಡು ಉಂಡರು. ಟೆಂಪೋ ಹೊರಟಾಗ ಯೋಗಾನಂದ ಬೀದಿಯ ತುದಿಯವರೆಗೆ ಹಿಂದೆ ನಡೆದು ಹೋಗಿ, ಏನೋ ಮರೆತವನ ಹಾಗೆ ನಿಂತು, ವಾಪಸು ಬಂದ. ಮಮತಾಳಿಗೆ ಭಯವಾಯಿತು. ಈ ಮನುಷ್ಯ ಇವತ್ತು ಹೇಗೆ ಹೊತ್ತು ಕಳೆಯುತ್ತಾನೋ, ಮನಸ್ಸಿಗೆ ಏನು ಹಚ್ಚಿಕೊಳ್ಳುತ್ತಾನೋ ಎಂದು ರಾಗಿ ಹಸನು ಮಾಡುವ ನೆಪದಲ್ಲಿ ಪಡಸಾಲೆಯಲ್ಲೇ ಕುಳಿತಳು.

ಅವನು ಸ್ವಲ್ಪ ಹೊತ್ತು ಗೋಡೆ ನೋಡಿದ. ಚಾಪೆ ಎಳೆದುಕೊಂಡ. ಮೊರದಲ್ಲಿ ರಾಗಿ ಕೇರುತ್ತಿದ್ದ ಮಮತಾ ಕತ್ತೆತ್ತಿದಾಗ ಗೊರಕೆ ಕೇಳಿಸಿತು. ಲಗ್ನದ ದಿನ ಹಾಡುಹಗಲೇ ಗಂಡ ಮನೆಯಲ್ಲಿ ಮಲಗಿ ನಿದ್ದೆ ಮಾಡಿದ್ದನ್ನು ಅವಳು ಮದುವೆಯಾದ ಮೇಲೆ ನೋಡಿದ್ದೇ ಇಲ್ಲ. ದೊಡ್ಡಲಕ್ಷ್ಮಮ್ಮ ಬಂದು ನೋಡಿ, "ಎಬ್ಬಿಸ್ಬೇಡ ಕಣವ್ವ, ಎಷ್ಟ್ ವರ್ಸದ ನಿದ್ದೆಯೋ," ಎಂದು ಬಾಗಿಲು ಮುಂದೆ ಮಾಡಿ ಹೋದಳು.

ಸಂಜೆ ಟೆಂಪೋದ ಹಾರ್ನು ಕೇಳಿದೊಡನೆ ಯೋಗಾನಂದ ದಡಬಡಿಸಿ ಎದ್ದು ಅಂಗಳಕ್ಕೆ ಓಡಿದ. ಬಸವಯ್ಯನೂ ಕೋಲು ಊರಿಕೊಂಡು ಬಂದ. ನರೇಂದ್ರ ಎಲ್ಲರಿಗಿಂತ ಮೊದಲು ಇಳಿದ.

"ಎಂಗಾಯ್ತ್ಲಾ?"

"ಚೆನ್ನಾಗಾಯ್ತು. ಛತ್ರದ ಮುಂದೆ ಮತ್ತೆ ಮತ್ತೆ ಬಾರಿಸ್ಕಂಡ್ರು. ಅಜ್ಜಿದೀರೂ ಕುಣಿದ್ರು."

ಯೋಗಾನಂದ ಲುಂಗಿಯ ತುದಿ ಹಿಡಿದುಕೊಂಡು ಹತ್ತಿರ ಬಂದ. ಆಮೇಲೆ ಕೇಳಿದ. ಅವನು ಇದನ್ನೇ ಕೇಳಬೇಕೆಂದಿದ್ದ ಎಂದು ಮಮತಾಳಿಗೆ ಗೊತ್ತಿತ್ತು.

"ಯಾರಾದ್ರೂ ಕೇಳಿದ್ರಾ, ತುತ್ತೂರಿಯೋನು ಎಲ್ಲಿ ಅಂತ?"

ನರೇಂದ್ರ ಅದ್ನಾನ್ ಕಡೆ ನೋಡಿದ. ಅದ್ನಾನ್ ನೆಲ ನೋಡಿದ. ಸುಳ್ಳು ಹೇಳಪ್ಪ, ನಾಲ್ಕು ಜನ ಕೇಳಿದರು ಅನ್ನು ಎಂದು ಮಮತಾ ಮೈದುನನಿಗೆ ಕಣ್ಣಲ್ಲೇ ಬೇಡಿಕೊಂಡಳು.

"ಇಲ್ಲಣ್ಣ," ಎಂದ ನರೇಂದ್ರ. "ಯಾರೂ ಕೇಳ್ಲಿಲ್ಲ."

ಯೋಗಾನಂದ ಒಂದು ಕ್ಷಣ ತಮ್ಮನನ್ನೇ ನೋಡುತ್ತಿದ್ದ. ಆಮೇಲೆ ಬೋಳು ವಸಡು ಕಾಣುವ ಹಾಗೆ ಬಾಯಿ ಅಗಲಿಸಿ, ಮೈಯೆಲ್ಲ ಅಲುಗುವ ಹಾಗೆ ನಕ್ಕ. ನಗುತ್ತಾ ಕಣ್ಣು ಒರೆಸಿಕೊಂಡ.

"ಸದ್ಯ ಕಣ್ಲಾ," ಎಂದ. "ನಾನಿಲ್ದಿದ್ರೂ ನಡೀತದೆ. ಸದ್ಯ!"

ತಮ್ಮನ ಕೈಯಿಂದ ಡ್ರಮ್ಮನ್ನು ಇಸಿದುಕೊಂಡು ಹೆಗಲಿಗಿಟ್ಟು ಒಳಗೆ ನಡೆದ.